ಚಾಯ್ ಬೇಡ, ಕಾಫಿ

“ಆ ಗೊಜ್ಜಿನೊಳಗೆ ಏನೇನು ಹಾಕಿದಾರೆ ಕೇಳು ಮಗಾ,” ಎಂದರು ಶಿವಮ್ಮಜ್ಜಿ.

ಮೊಮ್ಮಗಳು ನಿಹಾರಿಕಾ ಇಂಗ್ಲಿಷಿನಲ್ಲಿ ಕೇಳಿದಳು. ಅಂಗಡಿಯ ಅಕ್ಕ “ಕಡಲೆಕಾಯಿ” ಎಂದಳು.

“ಬರೀ ಕಡಲೆಕಾಯೇನಾ? ಮೀನಿನ ಸಾಸು ಇಲ್ಲ ತಾನೆ? ಅದೊಂದು ಇವರ ಅಡುಗೇಲಿ ಎಲ್ಲಾದ್ರಲ್ಲೂ ಇರುತ್ತೆ ಅಂತ ನಿಮ್ಮಮ್ಮ ಹೇಳಿದಾಳೆ.”

ನಿಹಾರಿಕಾ ಮತ್ತೆ ಕೇಳಿದಳು. ಅಕ್ಕನಿಗೆ ಖಾತ್ರಿಯಿರಲಿಲ್ಲ. ಒಳಗೆ ಹೋಗಿ ಒಂದು ದೊಡ್ಡ ಬಾಟಲಿ ತಂದಳು. ಅದನ್ನು ತಿರುಗಿಸಿ, ಹಿಂದೆ ಅಂಟಿಸಿದ್ದ ಚೀಟಿಯನ್ನು ಓದತೊಡಗಿದಳು. ಅಕ್ಷರಗಳೋ ಸಾಸಿವೆ ಕಾಳಿನಷ್ಟು. ಅಷ್ಟು ಹೊತ್ತೂ ಹಿಂದೆ, ಅವರ ಜೊತೆ ತಿಂಡಿ ನೋಡಲು ಬಂದಿದ್ದ ಗುಂಪು ಕಾಯುತ್ತಾ ನಿಂತಿತ್ತು. ಗುಂಪಿನಲ್ಲಿ ಅಗಲ ಹ್ಯಾಟಿನ ಅಂಕಲ್ ಒಬ್ಬರಿದ್ದರು. ಅವರು ಗಡಿಯಾರ ನೋಡಿಕೊಂಡರು. ಆಮೇಲೆ ಆಕಾಶ ನೋಡಿದರು. ಆಮೇಲೆ ಉಸ್ಸೆಂದರು.

“ಮೀನು ಇಲ್ಲ,” ಎಂದಳು ಅಕ್ಕ ಕೊನೆಗೆ.

“ನೋ ಫಿಶ್ ಅಜ್ಜಿ. ಓಕೆ, ಯು ಕ್ಯಾನ್ ಈಟ್,” ಎಂದಳು ನಿಹಾರಿಕಾ, ತಿನ್ನುವಂತೆ ಕೈಸನ್ನೆ ಮಾಡಿ.

ಅಕ್ಕಿಯ ಹಾಳೆಯಲ್ಲಿ ಸೊಪ್ಪು, ಸೌತೆಕಾಯಿ, ತೋಫು ಇಟ್ಟು ಸುತ್ತಿದ ಸುರುಳಿ ಅದು. ಅಜ್ಜಿ ಅದನ್ನು ಗೊಜ್ಜಿನಲ್ಲಿ ಅದ್ದಿ ಒಂದು ತುತ್ತು ಕಚ್ಚಿದರು. ಕಣ್ಣು ಮುಚ್ಚಿ ಅಗಿದರು.

“ಪುದೀನ ಹಾಕಿದಾರೆ. ಚೆನ್ನಾಗಿದೆ. ಒಂದು ತೊಟ್ಟು ಎಣ್ಣೆ ಇಲ್ಲ ನೋಡು. ಈ ಹಾಳೇನ ನಮ್ಮ ಹಪ್ಪಳದ ತರ ಬಿಸಿಲಲ್ಲಿ ಒಣಗಿಸ್ತಾರಾ ಕೇಳು. ನಮ್ಮತ್ತೆ ಅಕ್ಕಿ ಹಪ್ಪಳ ಮಾಡಿದ್ರೆ ಹಿಂಗೇ ಇರೋದು, ಆಚೆ ಕಡೆ ಇಟ್ಟ ಕೈ ಈಚೆಗೆ ಕಾಣ್ಬೇಕು ಅನ್ನೋರು. ಹೇಳು ಅವಳಿಗೆ.”

ನಿಹಾರಿಕಾ ಅಕ್ಕನ ಕಡೆ ತಿರುಗಿದಳು. “ಶಿ ಲೈಕ್ಸ್ ಇಟ್,” ಎಂದಳು.

ಇಷ್ಟುದ್ದದ ಮಾತು ಅಷ್ಟೇ ಅಷ್ಟಾದದ್ದನ್ನು ಕಂಡು ಅಜ್ಜಿಗೆ ಸ್ವಲ್ಪ ಅನುಮಾನ ಬಂತು. ಆದರೆ ಇಂಗ್ಲಿಷ್ ಅಂದರೆ ಹಾಗೇ ಇರಬಹುದು, ಸಕ್ಕರೆ ಹಾಕಿದ ನೀರಿನ ಹಾಗೆ ಕರಗಿಬಿಡುವ ಭಾಷೆ ಇರಬಹುದು ಅಂದುಕೊಂಡು ಸುಮ್ಮನಾದರು.

ಈ ಅಜ್ಜಿ ಮೈಸೂರಿನಿಂದ ಬ್ರಿಸ್ಬೇನಿಗೆ ಬಂದು ಕೆಲವು ವಾರಗಳಾಗಿದ್ದವು. ಮಗ ಉಮಾಪತಿ, ಸೊಸೆ ವನಜಾ ಇಬ್ಬರೂ ಕೆಲಸಕ್ಕೆ ಹೋಗುವವರು. ಇಂಡೂರೂಪಿಲ್ಲಿಯ ಮನೆಯಲ್ಲಿ ಅಜ್ಜಿ ದಿನವಿಡೀ ಒಬ್ಬರೇ. ಹೊರಗೆ ಹೋದರೆ ಮಾತು ಬಾರದು. ಅಕ್ಕಪಕ್ಕದವರು “ಹಾಯ್” ಅಂದರೆ ಇವರೂ “ಹಾಯ್” ಅನ್ನುವರು. ಅಲ್ಲಿಗೆ ಅಜ್ಜಿಯ ಇಂಗ್ಲಿಷ್ ಮುಗಿಯಿತು.

ನಿಹಾರಿಕಾಳ ಕನ್ನಡದ ಕತೆಯೂ ಏನು ಭಾರಿ ಇರಲಿಲ್ಲ ಅನ್ನಿ. ಹುಟ್ಟಿದ್ದು ಇಲ್ಲೇ, ಬೆಳೆದದ್ದು ಇಲ್ಲೇ. ಅಜ್ಜಿ ಹೇಳಿದ್ದೆಲ್ಲ ಅರ್ಥವಾಗುತ್ತಿತ್ತು, ಉತ್ತರ ಮಾತ್ರ ಮುಕ್ಕಾಲು ಇಂಗ್ಲಿಷಿನಲ್ಲಿ ಬರುತ್ತಿತ್ತು. ಗೆಳತಿಯರ ಮುಂದಂತೂ ಒಂದಕ್ಷರ ಕನ್ನಡ ಆಡುವವಳಲ್ಲ. ಆದರೂ ಅಜ್ಜಿಯನ್ನು ಹೊರಗೆ ಕರೆದುಕೊಂಡು ಹೋಗಬೇಕೆಂದು ಹಟ ಹಿಡಿದವಳು ಅವಳೇ. ಅವಳ ಕ್ಲಾಸಿನ ಗೆಳತಿ ಲಿನ್ ಇದ್ದಾಳಲ್ಲ, ಅವಳ ಚಿಕ್ಕಮ್ಮ ಹ್ವಾ ಆಂಟಿ ಇನಾಲಾ ಬಡಾವಣೆಯ ಬೀದಿಗಳಲ್ಲಿ ಜನರನ್ನು ನಡೆಸಿಕೊಂಡು ಹೋಗಿ ವಿಯೆಟ್ನಾಮಿನ ತಿಂಡಿಗಳನ್ನು ತೋರಿಸುತ್ತಾರೆ. ಅಲ್ಲಿ ಬೀದಿಯುದ್ದಕ್ಕೂ ವಿಯೆಟ್ನಾಮಿನ ಅಂಗಡಿಗಳೇ.

ಅಮ್ಮನಿಗೆ ಮೊದಲು ಧೈರ್ಯ ಬರಲಿಲ್ಲ. ಅಜ್ಜಿ ಬೆಳಗಾಗೆದ್ದು ಹಣೆಗೆ ವಿಭೂತಿ ಹಚ್ಚಿ, ಪೂಜೆ ಮುಗಿಸಿದ ಮೇಲೆಯೇ ಒಂದು ಲೋಟ ಕಾಫಿ ಮುಟ್ಟುವವರು. ಹುಟ್ಟಿದಾಗಿನಿಂದ ಮಾಂಸ ಮೀನು ಸೋಕಿಸಿದವರಲ್ಲ.

“ನಾನು ಹ್ವಾ ಆಂಟಿಗೆ ಫೋನ್ ಮಾಡಿ ಎಲ್ಲಾ ಹೇಳ್ತೀನಿ,” ಎಂದಿದ್ದಳು ಅಮ್ಮ.

“ನೋ ನೀಡ್. ನಾನೇ ಎಲ್ಲಾ ಶಾಪಲ್ಲೂ ಕೇಳ್ತೀನಿ. ಐ ಪ್ರಾಮಿಸ್,” ಎಂದಿದ್ದಳು ನಿಹಾರಿಕಾ.

“ಬಿಡು ವನಜಾ,” ಎಂದಿದ್ದರು ಅಜ್ಜಿ. “ಬಾಯಿದ್ದೋರು ಬರಗಾಲದಲ್ಲೂ ಬದುಕ್ತಾರೆ. ನನ್ನ ಬಾಯಿ, ನನ್ನ ಕಿವಿ ಎರಡೂ ನನ್ನ ಮೊಮ್ಮಗಳ ಹತ್ರ ಇವೆ.”

ಆ ಮಾತು ಕೇಳಿ ನಿಹಾರಿಕಾ ಒಂದು ಗೇಣು ಎತ್ತರವಾಗಿದ್ದಳು. ಈ ಬೆಳಿಗ್ಗೆ ಅಪ್ಪ ಕಾರಿನಲ್ಲಿ ಇಳಿಸಿ ಹೋದ ಮೇಲೆ ಹ್ವಾ ಆಂಟಿ “ಯಾರಾದರೂ ಏನಾದರೂ ತಿನ್ನದವರು ಇದ್ದೀರಾ?” ಎಂದು ಕೇಳಿದಾಗಲೂ ಅವಳೇ ಮುಂದೆ ಬಂದಿದ್ದಳು. “ನನ್ನ ಅಜ್ಜಿ ವೆಜಿಟೇರಿಯನ್. ಬಟ್ ಡೋಂಟ್ ವರಿ, ನಾನು ನೋಡ್ಕೋತೀನಿ.” ಹ್ವಾ ಆಂಟಿ ನಕ್ಕು, “ಹಾಗಾದರೆ ನೀನು ನನ್ನ ಅಸಿಸ್ಟೆಂಟ್” ಎಂದಿದ್ದರು.

ಅಸಿಸ್ಟೆಂಟ್ ಎರಡನೆಯ ಅಂಗಡಿಯಲ್ಲಿ ಎಡವಿದಳು.

ಅಲ್ಲಿ ಕಬ್ಬು ಅರೆಯುವ ಯಂತ್ರ ಗರಗರ ತಿರುಗುತ್ತಿತ್ತು. ಅದನ್ನು ಕಂಡು ಅಜ್ಜಿಯ ಮುಖ ಅರಳಿತು. “ಅಯ್ಯೋ, ಕಬ್ಬಿನ ಹಾಲು. ನಮ್ಮ ಮಾರ್ಕೆಟ್ ಹತ್ರ ಇರೋ ಅಂಥದ್ದೇ ಮಿಷನ್ನು. ಎರಡು ಕಬ್ಬಿನ ಹಾಲು ತಗೋ ಪುಟ್ಟಿ. ಐಸ್ ಬೇಡ ಅನ್ನು.”

“ಟೂ ಶುಗರ್‌ಕೇನ್ ಮಿಲ್ಕ್, ನೋ ಐಸ್,” ಎಂದಳು ನಿಹಾರಿಕಾ ಗಟ್ಟಿಯಾಗಿ.

ಯಂತ್ರದವನು ಕೈ ನಿಲ್ಲಿಸಿದ. “ಇದರಲ್ಲಿ ಮಿಲ್ಕ್ ಹಾಕೋದಿಲ್ಲ,” ಎಂದ.

“ಕಬ್ಬು ಹಾಲು ಕೊಡುತ್ತಾ?” ಎಂದರು ಹ್ಯಾಟಿನ ಅಂಕಲ್. “ದಿನಕ್ಕೆ ಎಷ್ಟು ಸಲ ಕರೀಬೇಕು?”

ಎಲ್ಲರೂ ನಕ್ಕರು. ಚಿಕ್ಕಮ್ಮನ ಜೊತೆ ಬಂದಿದ್ದ ಲಿನ್ ಕೂಡ ನಕ್ಕಳು. ಕೆಟ್ಟ ನಗುವೇನಲ್ಲ. ಅಜ್ಜಿಗೆ ವಿಷಯ ತಿಳಿಯದಿದ್ದರೂ ಎಲ್ಲರ ಜೊತೆ ಅವರೂ ನಕ್ಕರು. ನಿಹಾರಿಕಾ ಒಬ್ಬಳು ನಗಲಿಲ್ಲ. ಅವಳ ಕಿವಿ ಎರಡೂ ಬಿಸಿಯಾದವು. ಅಜ್ಜಿಯ ಮಾತನ್ನು ಇದ್ದ ಹಾಗೆ ಹೇಳಿದ್ದಕ್ಕೇ ಹೀಗಾಯಿತಲ್ಲ ಎಂದು ಸಿಟ್ಟು ಬಂತು.

ಮುಂದಿನ ಅಂಗಡಿಗೆ ನಡೆಯುವಾಗ ಲಿನ್ ಪಕ್ಕಕ್ಕೆ ಬಂದಳು. ಇಬ್ಬರೂ ಮಾತಾಡಿಕೊಂಡದ್ದು ಇಂಗ್ಲಿಷಿನಲ್ಲೇ. ನಾನು ನಿಮಗೆ ಕನ್ನಡದಲ್ಲಿ ಹೇಳುತ್ತೇನೆ.

“ಎಲ್ಲಾ ಅಂಗಡೀಲೂ ಅಷ್ಟೊಂದು ಪ್ರಶ್ನೆ ಕೇಳ್ತೀಯಾ?” ಎಂದಳು ಲಿನ್.

“ಇಲ್ಲಪ್ಪ,” ಎಂದಳು ನಿಹಾರಿಕಾ. “ಎಲ್ಲಾ ಕಡೆ ಏನೂ ಕೇಳ್ಬೇಕಾಗಿಲ್ಲ.”

ಮೂರನೆಯದು ಪುಟ್ಟ ಹೋಟೆಲು. ಹೊರಗೆ ಬಿಸಿಲಿಗೆ ಮರೆಯಾಗಿ ಮೇಜು, ಕುಳ್ಳ ಸ್ಟೂಲುಗಳು. ಹೂವಿನ ಅಂಗಿ ತೊಟ್ಟ ಒಬ್ಬ ಹೆಂಗಸು, ಅಜ್ಜಿಗಿಂತ ಸ್ವಲ್ಪ ಚಿಕ್ಕವರು, ಹಬೆಯಾಡುವ ಪಾತ್ರೆಯ ಮುಚ್ಚಳ ತೆಗೆದರು. ಒಳಗೆ ಚಿಕ್ಕ ಚಿಕ್ಕ ಬಟ್ಟಲುಗಳು. ಒಂದೊಂದರಲ್ಲೂ ಬೆಳ್ಳಗೆ, ಮೆತ್ತಗೆ, ದುಂಡಗೆ ಒಂದೊಂದು.

“ಇಡ್ಲಿ,” ಎಂದರು ಅಜ್ಜಿ. ಎಷ್ಟೋ ವರ್ಷದ ಮೇಲೆ ನೆಂಟರನ್ನು ಕಂಡ ದನಿ ಅದು.

ಹೂವಿನ ಅಂಗಿಯವರು ಅದರ ಮೇಲೆ ಕಿತ್ತಳೆ ಬಣ್ಣದ ಒಂದು ಪುಡಿಯನ್ನು ಚಿಟಿಕೆ ಚಿಟಿಕೆ ಉದುರಿಸುತ್ತಾ ಹೋದರು.

“ಚಟ್ನಿಪುಡಿ ಬೇರೆ. ಎಲ್ಲಿ ಹೋದರೂ ಊಟ ಒಂದೇ ನೋಡು,” ಎಂದರು ಅಜ್ಜಿ. “ಆದ್ರೂ ಒಂದು ಮಾತು ಕೇಳಿಬಿಡು ಮಗಾ.”

ನಿಹಾರಿಕಾ ಹಿಂದೆ ನೋಡಿದಳು. ಹ್ಯಾಟಿನ ಅಂಕಲ್ ಸರಿಯಾಗಿ ಅವಳ ಬೆನ್ನ ಹಿಂದೆಯೇ ನಿಂತಿದ್ದರು. ಹ್ವಾ ಆಂಟಿ ಇನ್ನಾರಿಗೋ ಅಕ್ಕಿ ರುಬ್ಬುವ ಬಗೆ ವಿವರಿಸುತ್ತಿದ್ದರು. ನಿಹಾರಿಕಾ ಎರಡು ಹೆಜ್ಜೆ ಮುಂದೆ ಹೋದಳು, ಪಾತ್ರೆಯೊಳಗೆ ಇಣುಕಿದಳು, ಅಲ್ಲಿದ್ದ ಕೆಲಸದ ಹುಡುಗಿಗೆ “ಲುಕ್ಸ್ ಯಮ್ಮಿ” ಎಂದಳು. ಹುಡುಗಿ ತಲೆ ಆಡಿಸಿದಳು. ದೂರದಿಂದ ನೋಡುವವರಿಗೆ ಏನೋ ಕೇಳಿದ ಹಾಗೂ, ಏನೋ ಉತ್ತರ ಬಂದ ಹಾಗೂ ಕಾಣುತ್ತಿತ್ತು.

“ಕೇಳ್ದೆಯಾ?” ಎಂದರು ಅಜ್ಜಿ.

“ಹೂಂ, ಕೇಳ್ದೆ,” ಎಂದಳು ನಿಹಾರಿಕಾ. “ವೆಜ್.”

ನೋಡಿ, ಬೇರೆಯದನ್ನೆಲ್ಲ ಇಂಗ್ಲಿಷಿನಲ್ಲಿ ಹೇಳುವ ಹುಡುಗಿ ಸುಳ್ಳನ್ನು ಮಾತ್ರ ಚೊಕ್ಕ ಕನ್ನಡದಲ್ಲಿ ಹೇಳಿದಳು.

ಸುಳ್ಳು ಅಂತ ಅವಳಿಗೇನೂ ಅನ್ನಿಸಲಿಲ್ಲ. ಇಡ್ಲಿಯಲ್ಲಿ ಏನಿರುತ್ತದೆ? ಅಕ್ಕಿ ಇರುತ್ತದೆ. ಚಟ್ನಿಪುಡಿಯಲ್ಲಿ ಏನಿರುತ್ತದೆ? ಬೇಳೆ ಇರುತ್ತದೆ. ಕೇಳುವುದಕ್ಕೆ ಏನಿದೆ ಇದರಲ್ಲಿ?

ಅಜ್ಜಿ ಸ್ಟೂಲಿನ ಮೇಲೆ ಕುಳಿತರು. ಹೂವಿನ ಅಂಗಿಯವರು ಅಜ್ಜಿಯ ಸೀರೆಯನ್ನೂ ಹಣೆಯ ವಿಭೂತಿಯನ್ನೂ ನೋಡಿದರು. ಬಟ್ಟಲುಗಳ ತಟ್ಟೆ ಹಿಡಿದು ಬಂದವರು ಅದನ್ನು ಮೇಜಿನ ಮೇಲಿಡದೆ, ಬಾಗಿ, ನಿಧಾನವಾಗಿ ಕೇಳಿದರು.

“ಚಾಯ್?”

ಅಜ್ಜಿ ನಿಟ್ಟುಸಿರು ಬಿಟ್ಟರು. ಈ ಊರಿನಲ್ಲಿ ಈ ಚಾಯ್ ಕಾಟ ಅವರಿಗೆ ಸಾಕಾಗಿತ್ತು. ಇಂಡೂರೂಪಿಲ್ಲಿಯ ಶಾಪಿಂಗ್ ಸೆಂಟರಿನಲ್ಲಿ ಯಾವ ಕಾಫಿ ಅಂಗಡಿಗೆ ಹೋದರೂ ಇವರ ಸೀರೆ ನೋಡಿ “ಚಾಯ್ ಲಾಟೆ?” ಎನ್ನುವರು. ಇಂಡಿಯಾದವರೆಲ್ಲ ಚಹಾದಲ್ಲೇ ಸ್ನಾನ ಮಾಡುತ್ತಾರೆ ಅಂತ ತಿಳಿದಿದ್ದಾರೋ ಏನೋ.

“ಚಾಯ್ ಬೇಡಮ್ಮ,” ಎಂದರು ಅಜ್ಜಿ, ಕೈ ಅಲ್ಲಾಡಿಸಿ. “ನಮ್ಮನೇಲಿ ಯಾರೂ ಕುಡಿಯೋದಿಲ್ಲ. ನಾವು ಕಾಫಿಯೋರು. ಕಾಫಿ.”

ಹೂವಿನ ಅಂಗಿಯವರು ನಿಹಾರಿಕಾಳನ್ನು ನೋಡಿದರು. “ನೋ ಚಾಯ್?”

“ನೋ ಚಾಯ್,” ಎಂದಳು ನಿಹಾರಿಕಾ. “ಓನ್ಲಿ ಕಾಫಿ.”

“ಆ, ಕಾಫೇ,” ಎಂದು ಅವರ ಮುಖ ಬೆಳಗಿತು. ಅವರ ಭಾಷೆಯಲ್ಲೂ ಕಾಫಿಗೆ ಕಾಫಿಯಂಥದ್ದೇ ಹೆಸರು. ತಟ್ಟೆಯನ್ನು ಅಜ್ಜಿಯ ಮುಂದಿಟ್ಟು ಸರಸರ ಒಳಗೆ ಹೋದರು. ಒಂದು ಗಾಜಿನ ಲೋಟ ತಂದರು. ಲೋಟದ ತಳದಲ್ಲಿ ಗಟ್ಟಿ ಸಿಹಿ ಹಾಲು, ಮೇಲೆ ಟೋಪಿ ಇಟ್ಟ ಹಾಗೆ ಒಂದು ಪುಟ್ಟ ಸ್ಟೀಲ್ ಫಿಲ್ಟರು. ಅದರಿಂದ ಕಪ್ಪು ಡಿಕಾಕ್ಷನ್ ತೊಟ್ಟು ತೊಟ್ಟಾಗಿ ಇಳಿಯುತ್ತಿತ್ತು.

ಅಜ್ಜಿ ಬಗ್ಗಿ, ಮೂಗನ್ನು ಲೋಟದ ಹತ್ತಿರ ಒಯ್ದು ಘಮ ಎಳೆದುಕೊಂಡರು.

“ನಮ್ಮ ಫಿಲ್ಟರ್‌ನ ಮರಿ,” ಎಂದರು. “ಪುಟ್ಟಿ, ಡಿಕಾಕ್ಷನ್ ಇಳೀಲಿ ಇರು. ಇಳಿಯೋವಾಗ ಅಲ್ಲಾಡಿಸಬಾರದು. ತಿಂಡಿ ಎಲ್ಲೂ ಓಡಿಹೋಗಲ್ಲ.”

ಹೂವಿನ ಅಂಗಿಯವರು ಎದುರಿನ ಸ್ಟೂಲಿನಲ್ಲಿ ಕುಳಿತು ತಮ್ಮ ಭಾಷೆಯಲ್ಲಿ ಏನೋ ಹೇಳಿದರು. ಅಜ್ಜಿ ಕನ್ನಡದಲ್ಲಿ ಏನೋ ಹೇಳಿದರು. ಇಬ್ಬರೂ ಫಿಲ್ಟರನ್ನೇ ನೋಡುತ್ತಾ ತಲೆಯಾಡಿಸಿದರು.

ಇನ್ನು ತನ್ನ ಕೆಲಸವಿಲ್ಲ ಎಂದು ನಿಹಾರಿಕಾ ಕಬ್ಬಿನ ಹಾಲಿನ ಕಪ್ಪು ಹಿಡಿದು ಲಿನ್ ಹತ್ತಿರ ಹೋದಳು. ಲಿನ್ ಬೀದಿಯ ಅಂಚಿನ ಕಟ್ಟೆಯ ಮೇಲೆ ಕುಳಿತು ಸ್ಟ್ರಾ ಚೀಪುತ್ತಿದ್ದಳು.

“ನಮ್ಮ ಅಜ್ಜಿ ತುಂಬಾ ಫನ್ನಿ,” ಎಂದಳು ನಿಹಾರಿಕಾ. “ಆ ಆಂಟಿ ಚಾಯ್ ಬೇಕಾ ಅಂತ ಕೇಳಿದ್ರೆ, ನಾವು ಕಾಫಿಯೋರು ಅಂತ ಭಾಷಣ ಮಾಡಿದ್ರು.”

“ಚಾಯ್? ಇಲ್ಲಿ ಯಾರೂ ಚಾಯ್ ಮಾಡಲ್ವಲ್ಲ,” ಎಂದಳು ಲಿನ್.

“ಮಾಡ್ತಾರೆ. ಆಂಟೀನೇ ಕೇಳಿದ್ರು. ಚಾಯ್? ಅಂತ.”

ಲಿನ್ ಬಾಯಿಂದ ಸ್ಟ್ರಾ ತೆಗೆದಳು. “ಅವರು ಬರೀ ಚಾಯ್ ಅಂದ್ರಾ? ಅದು ಟೀ ಅಲ್ಲ. ನಮ್ಮ ಭಾಷೇಲಿ ಚಾಯ್ ಅಂದ್ರೆ ವೆಜಿಟೇರಿಯನ್. ಹುಣ್ಣಿಮೆ ದಿನ ನಮ್ಮ ಅಜ್ಜಿ ದೇವಸ್ಥಾನಕ್ಕೆ ಹೋಗಿ ಚಾಯ್ ಊಟ ಮಾಡ್ತಾರೆ. ನಿಮ್ಮಜ್ಜಿ ಮಾಂಸ ಮೀನು ತಿನ್ನೋರಾ ಇಲ್ವಾ ಅಂತ ಆ ಆಂಟಿ ಕೇಳಿರೋದು.”

ನಿಹಾರಿಕಾ ಕೈಯಲ್ಲಿದ್ದ ಕಪ್ಪನ್ನು ಕಟ್ಟೆಯ ಮೇಲಿಟ್ಟಳು.

ನೋ ಚಾಯ್ ಅಂದೆವು. ಅಜ್ಜಿಯೂ ಅಂದರು, ನಾನೂ ಅಂದೆ.

“ಲಿನ್, ಆ ಬಿಳೀದರ ಮೇಲೆ ಕಿತ್ತಳೆ ಪುಡಿ ಇದೆಯಲ್ಲ, ಅದೇನು?”

“ಅದಾ? ಪ್ರಾನ್. ಒಣಗಿಸಿ ಪುಡಿ ಮಾಡ್ತಾರೆ. ಸೂಪರ್ ಆಗಿರುತ್ತೆ.”

ನಿಹಾರಿಕಾ ತಿರುಗಿ ನೋಡಿದಳು. ಅಲ್ಲಿ ಫಿಲ್ಟರು ಕೆಳಗಿಳಿದಿತ್ತು. ಅಜ್ಜಿ ಕಾಫಿಯನ್ನು ಚಮಚದಿಂದ ಕಲಕಿ, ಒಂದು ಗುಟುಕು ಕುಡಿದು, ತೃಪ್ತಿಯಿಂದ ಲೋಟವನ್ನು ಬದಿಗಿಟ್ಟಿದ್ದರು. ಈಗ ಒಂದು ಬಟ್ಟಲನ್ನು ಎತ್ತಿಕೊಂಡರು. ಚಮಚದಿಂದ ಅದರೊಳಗಿನ ಬೆಳ್ಳನೆಯದನ್ನು ಬಿಡಿಸಿದರು. ಕಿತ್ತಳೆ ಪುಡಿ ಚೆಲ್ಲದ ಹಾಗೆ ಜೋಪಾನವಾಗಿ ಚಮಚ ಎತ್ತಿದರು.

ಓಡಿದರೂ ತಲುಪುವ ಹಾಗಿರಲಿಲ್ಲ. ನಡುವೆ ಜನ, ಮೇಜು, ಸ್ಟೂಲುಗಳು. “ಸ್ಟಾಪ್” ಎಂದರೆ ಅಜ್ಜಿಗೆ ತಮಗೆ ಹೇಳಿದ್ದು ಅಂತ ತಿಳಿಯದು.

“ಅಜ್ಜೀ! ತಿನ್ಬೇಡೀ! ಬಾಯಿಗೆ ಹಾಕ್ಕೋಬೇಡಿ, ಕೆಳಗಿಡಿ!”

ಬೀದಿಯೇ ತಿರುಗಿ ನೋಡಿತು. ಲಿನ್ ಕಣ್ಣರಳಿಸಿದಳು. ಅವಳ ಗೆಳತಿಯ ಬಾಯಲ್ಲಿ ಆ ಭಾಷೆಯನ್ನು ಅವಳು ಕೇಳಿದ್ದು ಅದೇ ಮೊದಲು.

ಅಜ್ಜಿಯ ಕೈ ಗಾಳಿಯಲ್ಲೇ ನಿಂತಿತು. ತುಟಿಯವರೆಗೆ ಬಂದಿದ್ದ ಚಮಚ ಹಾಗೇ ಕೆಳಗಿಳಿಯಿತು.

ನಿಹಾರಿಕಾ ಜನರ ನಡುವೆ ನುಗ್ಗಿಕೊಂಡು ಬಂದಳು. ಹ್ಯಾಟಿನ ಅಂಕಲ್ ಕಾಲು ತುಳಿದಳು. ಸಾರಿ ಕೂಡ ಹೇಳಲಿಲ್ಲ.

“ಯಾಕೆ ಮಗಾ? ಏನಾಯ್ತು?” ಎಂದರು ಅಜ್ಜಿ.

“ಅದು ಚಟ್ನಿಪುಡಿ ಅಲ್ಲ ಅಜ್ಜಿ. ಅದು... ಅದು ಪ್ರಾನ್. ಕನ್ನಡದಲ್ಲಿ ಏನಂತಾರೆ ನಂಗೊತ್ತಿಲ್ಲ. ನೀರಲ್ಲಿ ಇರುತ್ತೆ. ಮೀನಿನ ತರ, ಚಿಕ್ಕದು.”

“ಸೀಗಡಿ,” ಎಂದರು ಅಜ್ಜಿ ಮೆಲ್ಲಗೆ. ಬಟ್ಟಲನ್ನು ನೋಡಿದರು. ಆಮೇಲೆ ಮೊಮ್ಮಗಳನ್ನು ನೋಡಿದರು. “ಮತ್ತೆ ನೀನು ಕೇಳ್ದೆ ಅಂದ್ಯಲ್ಲ?”

ನಿಹಾರಿಕಾಗೆ ಒಂದು ದಾರಿ ಇತ್ತು. ಆ ಹುಡುಗಿ ತಪ್ಪು ಹೇಳಿದಳು ಅನ್ನಬಹುದಿತ್ತು. ಅಜ್ಜಿಗೆ ಗೊತ್ತಾಗುತ್ತಲೂ ಇರಲಿಲ್ಲ. ಇಂಗ್ಲಿಷ್ ಬಾರದ ಅಜ್ಜಿ ಯಾರನ್ನು ಹೋಗಿ ವಿಚಾರಿಸಿಯಾರು?

“ಕೇಳ್ಲಿಲ್ಲ,” ಎಂದಳು. “ಕೇಳ್ದೆ ಅಂತ ಸುಳ್ಳು ಹೇಳ್ದೆ. ಎಲ್ರೂ ವೆಯ್ಟ್ ಮಾಡ್ತಿದ್ರು. ನಂಗೆ ನಾಚ್ಕೆ ಆಯ್ತು.”

ಅಜ್ಜಿ ಬೈದಿದ್ದರೆ ಒಳ್ಳೆಯದಿತ್ತು. ಬಟ್ಟಲನ್ನು ಮತ್ತೆ ತಟ್ಟೆಯಲ್ಲಿಟ್ಟು, ತಟ್ಟೆಯನ್ನು ಸ್ವಲ್ಪ ಆಚೆ ಸರಿಸಿದರು. ಕಾಫಿಯ ಲೋಟ ಎತ್ತಿಕೊಂಡು ಕುಡಿದರು.

ಅಷ್ಟರಲ್ಲಿ ಲಿನ್ ಹೂವಿನ ಅಂಗಿಯವರಿಗೆ ಎಲ್ಲವನ್ನೂ ತಿಳಿಸಿದ್ದಳು. ಚಾಯ್ ಎಂದರೆ ಇಂಡಿಯಾದಲ್ಲಿ ಟೀ ಎಂದು ಕೇಳಿ ಅವರು ಮೊದಲು ಬಾಯಿ ಮುಚ್ಚಿಕೊಂಡರು, ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕರು, ಆಮೇಲೆ ಅಜ್ಜಿಯ ಕೈ ಹಿಡಿದು ಏನೇನೋ ಹೇಳಿದರು. ಹ್ವಾ ಆಂಟಿಯೂ ಓಡಿಬಂದು, “ನಾನೂ ಒಂದು ಮಾತು ಹೇಳಬೇಕಿತ್ತು. ಎಲ್ಲಾ ನಿನ್ನ ಮೇಲೆ ಬಿಟ್ಟೆ,” ಎಂದರು. ಹೂವಿನ ಅಂಗಿಯವರು ಒಳಗಿನಿಂದ ಇನ್ನೊಂದು ತಟ್ಟೆ ತಂದರು. ಇದರ ಮೇಲೆ ಹೆಸರುಬೇಳೆ ಮಾತ್ರ ಇತ್ತು. “ಚಾಯ್, ಚಾಯ್,” ಎಂದು ತಮ್ಮ ಎದೆ ಮುಟ್ಟಿಕೊಂಡು ಹೇಳಿದರು.

“ಇವರ ಭಾಷೇಲಿ ಚಾಯ್ ಅಂದ್ರೆ ವೆಜ್ ಅಂತೆ. ಇದು ನಿಜವಾಗ್ಲೂ ವೆಜ್ ಅಜ್ಜಿ,” ಎಂದಳು ನಿಹಾರಿಕಾ.

ಅಜ್ಜಿ ಹೂವಿನ ಅಂಗಿಯವರಿಗೆ ಕೈ ಮುಗಿದರು. “ಕಾಫಿ ಬಹಳ ಚೆನ್ನಾಗಿತ್ತಮ್ಮ,” ಎಂದರು. ನಿಹಾರಿಕಾಗೆ, “ಹೊಟ್ಟೆ ತುಂಬಿದೆ,” ಎಂದರು.

ಒಂದು ಅಕ್ಕಿ ಸುರುಳಿಗೆ ಅಜ್ಜಿಯ ಹೊಟ್ಟೆ ತುಂಬುವುದಿಲ್ಲ ಎಂದು ನಿಹಾರಿಕಾಗೆ ಚೆನ್ನಾಗಿ ಗೊತ್ತಿತ್ತು.

ಅಲ್ಲಿಂದ ಮುಂದೆ ಅಜ್ಜಿ ನಡೆದರು, ನೋಡಿದರು, ತಿನ್ನಲಿಲ್ಲ. ತರಕಾರಿ ಅಂಗಡಿಯ ಮುಂದೆ ನಿಂತು ಬಸಳೆ ಸೊಪ್ಪನ್ನು ಮುಟ್ಟಿ ನೋಡಿದರು, ಹಾಗಲಕಾಯಿಯನ್ನು ಮಾತಾಡಿಸಿದರು. ಯಾರೋ ಬಿಸಿ ಬ್ರೆಡ್ಡಿನ ತುಂಡು ಚಾಚಿದರು. ಬರೀ ಬ್ರೆಡ್ಡು. “ಬೇಡಮ್ಮ,” ಎಂದರು ಅಜ್ಜಿ. ಏನನ್ನೂ ಕೇಳು ಎಂದು ಅವರು ನಿಹಾರಿಕಾಗೆ ಹೇಳಲಿಲ್ಲ. ಬೆಳಗಿನಿಂದ ಕೇಳು ಕೇಳು ಎಂದು ಕಿವಿ ತಿಂದಿದ್ದ ಅಜ್ಜಿ ಈಗ ಒಂದು ಸಲವೂ ಹೇಳಲಿಲ್ಲ. ನಿಹಾರಿಕಾ ಅಜ್ಜಿಯ ಸೆರಗಿನ ಅಂಚು ಹಿಡಿದುಕೊಂಡು ನಡೆದಳು. ಅಜ್ಜಿ ಬಿಡಿಸಿಕೊಳ್ಳಲಿಲ್ಲ, ಅಷ್ಟು ಸಮಾಧಾನ.

ಕೊನೆಯದು ಸಿಹಿ ಅಂಗಡಿ. ಉದ್ದನೆಯ ಗಾಜಿನ ಹಿಂದೆ ಸಾಲಾಗಿ ಪಾತ್ರೆಗಳು. ಹೆಸರುಬೇಳೆ, ತೆಂಗಿನ ಹಾಲು, ಹಸಿರು ಜೆಲ್ಲಿ, ದಾಳಿಂಬೆಯ ಹಾಗೆ ಹೊಳೆಯುವ ಕೆಂಪು ಕಾಳುಗಳು. ಎಲ್ಲವನ್ನೂ ಲೋಟದಲ್ಲಿ ಪದರ ಪದರವಾಗಿ ಹಾಕಿ ಕೊಡುತ್ತಿದ್ದರು.

ಅಜ್ಜಿ ಗಾಜಿನ ಹತ್ತಿರ ಹೋದರು. ಒಂದು ಕ್ಷಣ ನಿಂತು ನೋಡಿದರು. ಪಾಯಸದ ಹಾಗೇ ಇತ್ತು. ಪಾಯಸ ಅಂದರೆ ಅಜ್ಜಿಗೆ ಪ್ರಾಣ.

ಅಂಗಡಿಯ ಕನ್ನಡಕದ ಅಂಕಲ್‌ಗೆ ಸುದ್ದಿ ಆಗಲೇ ತಲುಪಿತ್ತು ಅಂತ ಕಾಣುತ್ತದೆ. ಅವರು ನಗುತ್ತಾ ಬಾಗಿ, ಅಜ್ಜಿಯನ್ನೇ ಕೇಳಿದರು. “ಚಾಯ್?”

ಈಗ ಅಜ್ಜಿಗೆ ಆ ಮಾತು ಗೊತ್ತಿತ್ತು. ಹೂಂ ಅಂದರೆ ಮುಗಿದುಹೋಗುತ್ತಿತ್ತು. ಆದರೆ ಅಜ್ಜಿ ಹೂಂ ಅನ್ನಲಿಲ್ಲ, ಊಹೂಂ ಅನ್ನಲಿಲ್ಲ. ತಿರುಗಿ ನಿಹಾರಿಕಾಳ ಮುಖ ನೋಡಿದರು.

ನಿಹಾರಿಕಾ ಸೆರಗು ಬಿಟ್ಟಳು. ಮುಂದೆ ಬಂದು ಎರಡೂ ಕೈಯನ್ನು ಗಾಜಿನ ಕಟ್ಟೆಯ ಮೇಲಿಟ್ಟಳು.

“ಚಾಯ್,” ಎಂದಳು. ಅವಳ ಬಾಯಲ್ಲಿ ಅದು ಶಾಪಿಂಗ್ ಸೆಂಟರಿನ ಚಾಯ್ ಹಾಗೇ ಕೇಳಿಸಿತು. ಆದರೂ ಅಂಕಲ್ ತಲೆಯಾಡಿಸಿದರು. ಅವಳು ಅಲ್ಲಿಗೆ ನಿಲ್ಲಿಸಲಿಲ್ಲ. “ಈ ಬೇಳೆಯಲ್ಲಿ ಏನೇನು ಹಾಕಿದೀರಿ?”

ಬೇಳೆ, ಸಕ್ಕರೆ, ಚೂರು ಉಪ್ಪು, ಎಂದರು ಅಂಕಲ್.

“ಈ ಬಿಳೀದು?”

ತೆಂಗಿನ ಹಾಲು, ಎಂದರು. ಮತ್ತೇನೂ ಇಲ್ಲವೇ ಎಂದು ಕೇಳಿದ್ದಕ್ಕೆ ಡಬ್ಬವನ್ನೇ ಎತ್ತಿ ಕೊಟ್ಟರು. ನಿಹಾರಿಕಾ ಅದನ್ನು ತಿರುಗಿಸಿ ಸಾಸಿವೆ ಕಾಳಿನ ಅಕ್ಷರಗಳನ್ನು ಓದಿದಳು. ಮೊದಲಿನಿಂದ ಕೊನೆಯವರೆಗೆ ಓದಿದಳು.

“ಜೆಲ್ಲಿ ಯಾವುದರಿಂದ ಮಾಡ್ತೀರಿ? ನಮ್ಮ ಸ್ಕೂಲಲ್ಲಿ ಕೊಡೋ ಜೆಲ್ಲಿಯಲ್ಲಿ ಹಸುವಿನ ಮೂಳೆಯಿಂದ ಬರೋದು ಏನೋ ಇರುತ್ತೆ.”

ಇದು ಸಮುದ್ರದ ಪಾಚಿಯಿಂದ ಮಾಡಿದ್ದು, ಮೂಳೆಯಲ್ಲ, ಎಂದರು ಅಂಕಲ್. ಪಾಚಿಯ ಪುಡಿಯ ಪೊಟ್ಟಣ ತೋರಿಸಿದರು.

ಹಿಂದೆ ಗುಂಪು ಕಾಯುತ್ತಿತ್ತು. ಯಾರೋ ಕೆಮ್ಮಿದರು. ಯಾರದೋ ಕಾಲು ನೆಲಕ್ಕೆ ಟಕಟಕ ಬಡಿಯುತ್ತಿತ್ತು. ಅದು ಹ್ಯಾಟಿನ ಅಂಕಲ್ ಇರಬಹುದು, ಬೇರೆಯವರೂ ಇರಬಹುದು. ನಿಹಾರಿಕಾ ತಿರುಗಿ ನೋಡಲಿಲ್ಲ.

“ಮತ್ತೆ ಈ ಕೆಂಪು ಕಾಳು?”

ಅಂಕಲ್ ತಲೆ ಕೆರೆದುಕೊಂಡರು. ಕಾಳು ಒಂದು ಗೆಡ್ಡೆಯಿಂದ ಮಾಡಿದ್ದು, ಆದರೆ ಬಣ್ಣ ಯಾವುದರದ್ದೋ ತಮಗೂ ಗೊತ್ತಿಲ್ಲ, ಹೊರಗಿನಿಂದ ತರಿಸುವುದು ಎಂದರು.

“ಹಾಗಾದ್ರೆ ಅದನ್ನ ಹಾಕ್ಬೇಡಿ,” ಎಂದಳು ನಿಹಾರಿಕಾ. “ಚಮಚ ಬೇರೆ ತಗೊಳ್ಳಿ, ಪ್ಲೀಸ್. ಆ ಚಮಚ ಕೆಂಪು ಪಾತ್ರೆಯಲ್ಲಿತ್ತು.”

ಅಂಕಲ್ ಬೇರೆ ಚಮಚ ತೆಗೆದುಕೊಂಡರು. ಬೇಳೆ ಹಾಕಿದರು, ಜೆಲ್ಲಿ ಹಾಕಿದರು, ಮೇಲೆ ತೆಂಗಿನ ಹಾಲು ಸುರಿದರು. ನಿಹಾರಿಕಾ ಲೋಟವನ್ನು ಎರಡೂ ಕೈಯಲ್ಲಿ ಹಿಡಿದು ಅಜ್ಜಿಯ ಹತ್ತಿರ ತಂದಳು.

“ಅಜ್ಜಿ, ಇದು ಹೆಸರುಬೇಳೆ. ಇದು ತೆಂಗಿನಕಾಯಿ ಹಾಲು, ಡಬ್ಬ ನಾನೇ ಓದ್ದೆ. ಈ ಜೆಲ್ಲಿ ಸಮುದ್ರದ...” ಪಾಚಿಗೆ ಕನ್ನಡದಲ್ಲಿ ಏನೆನ್ನುತ್ತಾರೋ ಅವಳಿಗೆ ತಿಳಿಯಲಿಲ್ಲ. “ಸಮುದ್ರದ ಸೊಪ್ಪಿಂದ ಮಾಡಿದ್ದು. ಕೆಂಪು ಕಾಳಿದೆಯಲ್ಲ, ಅದರ ಬಣ್ಣ ಏನು ಅಂತ ಅವರಿಗೂ ಗೊತ್ತಿಲ್ಲ, ನಂಗೂ ಗೊತ್ತಿಲ್ಲ. ಅದಕ್ಕೆ ಬೇಡ ಅಂದೆ.”

ಅಷ್ಟುದ್ದದ ಕನ್ನಡವನ್ನು ಅವಳು ಒಂದೇ ಉಸಿರಿಗೆ ಹಿಂದೆಂದೂ ಆಡಿರಲಿಲ್ಲ. ಅಜ್ಜಿ ಅದನ್ನೆಲ್ಲ ನಡುವೆ ಬಾಯಿ ಹಾಕದೆ ಕೇಳಿದರು.

“ಕೇಳ್ದೆಯಾ?” ಎಂದರು ಆಮೇಲೆ.

“ಕೇಳ್ದೆ ಅಜ್ಜಿ.”

ಅಜ್ಜಿ ಲೋಟ ತೆಗೆದುಕೊಂಡರು. ಒಳಗೆ ಏನಿದೆ ಎಂದು ಇಣುಕಿಯೂ ನೋಡದೆ, ಮೊಮ್ಮಗಳ ಮುಖವನ್ನೇ ನೋಡುತ್ತಾ ಮೊದಲ ಚಮಚವನ್ನು ಬಾಯಿಗಿಟ್ಟುಕೊಂಡರು.